ನಡುವಿನ ಕುರ್ಚಿಯ ಕಸುಬು

ಬೆಂಗಳೂರಿನ ಅರಮನೆ ಮೈದಾನದಲ್ಲಿ ಹೂಡಿಕೆದಾರರ ಸಮಾವೇಶವಿರಲಿ, ತುಮಕೂರು ರಸ್ತೆಯ ಪ್ರದರ್ಶನ ಕೇಂದ್ರದಲ್ಲಿ ಯಂತ್ರಗಳ ಮೇಳವಿರಲಿ, ಪಂಚತಾರಾ ಹೋಟೆಲಿನಲ್ಲಿ ಕಂಪನಿಯೊಂದರ ವಾರ್ಷಿಕ ಕೂಟವಿರಲಿ, ವೇದಿಕೆಯ ಕುರ್ಚಿಗಳ ಸಾಲಿನಲ್ಲಿ ಒಬ್ಬರು ಉದ್ಯಮಿಯೂ ಅಲ್ಲ, ಮಂತ್ರಿಯೂ ಅಲ್ಲ, ಅಧಿಕಾರಿಯೂ ಅಲ್ಲ. ಕೈಯಲ್ಲಿ ಅಂಗೈಯಗಲದ ನಾಲ್ಕಾರು ಕಾರ್ಡು, ಕಣ್ಣು ಆಗಾಗ ಎದುರಿನ ಗಡಿಯಾರದ ಕಡೆಗೆ. ಮುಖ ಎಲ್ಲೋ ನೋಡಿದ್ದು ಅನ್ನಿಸುತ್ತದೆ. ನೋಡಿದ್ದು ಟೀವಿಯಲ್ಲೇ. ಸುದ್ದಿವಾಹಿನಿಯಲ್ಲಿ ಸಂಜೆಯ ಚರ್ಚೆ ನಡೆಸಿ ಪಳಗಿದವರು ಈಗ ಕಂಪನಿಗಳ ಗೋಷ್ಠಿ ನಡೆಸುತ್ತಿದ್ದಾರೆ. ಕೆಲವರಿಗೆ ಇದು ಕೈಖರ್ಚಿನ ದಾರಿ, ಕೆಲವರಿಗೆ ಪೂರ್ಣಾವಧಿಯ ಕಸುಬು. ಕರೆದವರು ‘ಮಾಡರೇಟರ್’ ಎಂದು ಬ್ಯಾನರಿನಲ್ಲಿ ಹಾಕಿರುತ್ತಾರೆ.

ಈ ಕಸುಬಿನ ಬೇರು ಕಂಪನಿಗಳ ಅಂಗಳದಲ್ಲಿಲ್ಲ. 1935ರ ಮೇ ತಿಂಗಳಲ್ಲಿ ಅಮೆರಿಕದ ಎನ್‌ಬಿಸಿ ರೇಡಿಯೋ ‘ಅಮೆರಿಕಾಸ್ ಟೌನ್ ಮೀಟಿಂಗ್ ಆಫ್ ದಿ ಏರ್’ ಎಂಬ ಕಾರ್ಯಕ್ರಮ ಶುರುಮಾಡಿತು. ನ್ಯೂಯಾರ್ಕಿನ ಟೌನ್ ಹಾಲ್‌ನಲ್ಲಿ ಪರಸ್ಪರ ವಿರೋಧಿಗಳು ಒಂದೇ ವೇದಿಕೆ ಹತ್ತುತ್ತಿದ್ದರು, ಸಭಿಕರು ಎದ್ದುನಿಂತು ಪ್ರಶ್ನೆ ಎಸೆಯುತ್ತಿದ್ದರು, ಇಡೀ ದೇಶ ಕೂತು ಕೇಳುತ್ತಿತ್ತು. ಎರಡೂ ಕಡೆಯವರನ್ನು ಹದ್ದುಬಸ್ತಿನಲ್ಲಿಟ್ಟು ಸಭೆ ನಡೆಸುತ್ತಿದ್ದವರು ಜಾರ್ಜ್ ಡೆನ್ನಿ. ಫ್ಯಾಸಿಸಂ, ಕಮ್ಯುನಿಸಂ, ಸೋಷಿಯಲಿಸಂ, ಪ್ರಜಾಪ್ರಭುತ್ವ, ಇವುಗಳಲ್ಲಿ ಅಮೆರಿಕದ ದಾರಿ ಯಾವುದು ಎಂಬುದೇ ಮೊದಲ ಕಂತಿನ ವಿಷಯ. ಇವತ್ತಿನ ಯಾವ ಕಂಪನಿಯ ಕಾರ್ಯಕ್ರಮ ಪಟ್ಟಿಯೂ ಇಂಥ ವಿಷಯವನ್ನು ಒಳಗೆ ಬಿಟ್ಟುಕೊಳ್ಳಲಾರದು. ಬ್ರಿಟನ್ನಿನಲ್ಲಿ ಬಿಬಿಸಿ ರೇಡಿಯೋದ ‘ಎನಿ ಕ್ವೆಶ್ಚನ್ಸ್?’ 1948ರಲ್ಲಿ, ಟೀವಿಯ ‘ಕ್ವೆಶ್ಚನ್ ಟೈಮ್’ 1979ರಲ್ಲಿ ಆರಂಭವಾದವು. ಎರಡನೆಯದರ ಮೊದಲ ಅಧ್ಯಕ್ಷ ರಾಬಿನ್ ಡೇ. ವಕೀಲಿಕೆ ಓದಿ, 1955ರಲ್ಲಿ ಐಟಿಎನ್‌ನ ಮೊದಲ ತಂಡದ ವಾರ್ತಾವಾಚಕರಲ್ಲಿ ಒಬ್ಬರಾದವರು.

1960ರ ಸೆಪ್ಟೆಂಬರ್ 26ರಂದು ಶಿಕಾಗೋದ ಸ್ಟುಡಿಯೋದಲ್ಲಿ ಅಮೆರಿಕದ ಅಧ್ಯಕ್ಷ ಸ್ಥಾನದ ಅಭ್ಯರ್ಥಿಗಳಾದ ಕೆನಡಿ ಮತ್ತು ನಿಕ್ಸನ್ ಎದುರುಬದುರಾದಾಗ ನಡುವೆ ಕೂತವರು ಸಿಬಿಎಸ್‌ನ ಹೊವಾರ್ಡ್ ಕೆ. ಸ್ಮಿತ್. ಸುಮಾರು 7 ಕೋಟಿ ಜನ ನೋಡಿದ ಆ ಚರ್ಚೆಯಲ್ಲಿ ಅವರ ಪಾಲಿನ ಕೆಲಸ ಬಹಳ ಕಡಿಮೆ: ನಿಯಮ ಓದುವುದು, ಸರದಿ ಕಾಯುವುದು. ಪ್ರಶ್ನೆ ಕೇಳಲು ಬೇರೆ ಪತ್ರಕರ್ತರಿದ್ದರು. ಮುಂದೆ ಪಿಬಿಎಸ್‌ನ ಜಿಮ್ ಲೆಹ್ರರ್ 1988ರಿಂದ 2012ರವರೆಗೆ ಅಧ್ಯಕ್ಷೀಯ ಚುನಾವಣೆಯ 12 ಚರ್ಚೆಗಳನ್ನು ನಡೆಸಿದರು. ಕೊನೆಯದರಲ್ಲಿ ಅಭ್ಯರ್ಥಿಗಳಿಗೆ ಲಗಾಮು ಬಿಟ್ಟರು ಎಂದು ಬೈಸಿಕೊಂಡದ್ದೂ ಉಂಟು. ಈ ಕಾಲಘಟ್ಟದ ಉದ್ದಕ್ಕೂ ಒಂದು ವಿಷಯದಲ್ಲಿ ಗೊಂದಲವಿರಲಿಲ್ಲ. ನಡುವೆ ಕೂತವರು ಮನೆಯಲ್ಲಿ ಕೂತು ಕೇಳುವವರ ಪರವಾಗಿ ಕೂತಿದ್ದರು, ಅವರ ಸಂಬಳ ಬರುತ್ತಿದ್ದುದು ವೇದಿಕೆಯ ಮೇಲಿನವರಿಂದಲ್ಲ.

ಗೊಂದಲ ಹುಟ್ಟಿದ್ದು ಬೆಟ್ಟದ ಮೇಲೆ. ಸ್ವಿಟ್ಜರ್‌ಲ್ಯಾಂಡಿನ ದಾವೋಸ್‌ನಲ್ಲಿ 1971ರಲ್ಲಿ ಕ್ಲಾಸ್ ಶ್ವಾಬ್ ಯುರೋಪಿನ ಕಂಪನಿಗಳ ಮುಖ್ಯಸ್ಥರಿಗಾಗಿ ಆರಂಭಿಸಿದ ಸಭೆ 1987ರಲ್ಲಿ ವಿಶ್ವ ಆರ್ಥಿಕ ವೇದಿಕೆ ಎಂಬ ಹೆಸರು ಪಡೆಯಿತು. ಪ್ರಧಾನಿಗಳು ಬರತೊಡಗಿದರು, ಕ್ಯಾಮೆರಾಗಳು ಬಂದವು, ಒಂದೇ ವಾರದಲ್ಲಿ ನೂರಾರು ಗೋಷ್ಠಿಗಳಾದವು. ಅಷ್ಟನ್ನೂ ನಡೆಸಲು ಗಡಿಯಾರದ ಶಿಸ್ತು ಗೊತ್ತಿರುವ, ದೊಡ್ಡವರನ್ನು ಕಂಡು ಬಾಯಿ ಒಣಗದ ಜನ ಬೇಕಾಗಿತ್ತು. ಅಂಥವರು ಸಿದ್ಧರಾಗಿ ಸಿಗುತ್ತಿದ್ದುದು ಸುದ್ದಿಮನೆಗಳಲ್ಲಿ. ನಿಕ್ ಗೋವಿಂಗ್ ಅವರ ದಾರಿ ಇದಕ್ಕೆ ಒಳ್ಳೆಯ ಮಾದರಿ. ಐಟಿಎನ್‌ಗೆ ವಿದೇಶಿ ವರದಿಗಾರರಾಗಿದ್ದು, ಚಾನೆಲ್ 4 ನ್ಯೂಸ್‌ನ ರಾಜತಾಂತ್ರಿಕ ಸಂಪಾದಕರಾಗಿದ್ದು, 1996ರಿಂದ 2014ರವರೆಗೆ ಬಿಬಿಸಿ ವರ್ಲ್ಡ್‌ನ ಮುಖ್ಯ ನಿರೂಪಕರು. 1997ರ ಆಗಸ್ಟಿನ ಕೊನೆಯ ರಾತ್ರಿ ರಾಜಕುಮಾರಿ ಡಯಾನಾ ಸಾವಿನ ಸುದ್ದಿಯನ್ನು ಪ್ರಸಾರ ಮಾಡಿದವರು. ಮುಂದೇನು ಬರುತ್ತದೆಂದು ಗೊತ್ತಿಲ್ಲದೆ, ಬರೆದುಕೊಂಡ ಸಾಲಿಲ್ಲದೆ ಗಂಟೆಗಟ್ಟಲೆ ನೇರಪ್ರಸಾರ ನಡೆಸಿದವರಿಗೆ ಒಂದು ಗೋಷ್ಠಿ ದೊಡ್ಡ ಹೊರೆಯೇನಲ್ಲ. ಅವರು ವರ್ಷಗಟ್ಟಲೆ ದಾವೋಸ್‌ನಲ್ಲೂ ಇತರ ಸಮಾವೇಶಗಳಲ್ಲೂ ಗೋಷ್ಠಿಗಳನ್ನು ನಡೆಸಿದರು.

ಆದರೆ ಗಡಿಯಾರವೊಂದನ್ನೇ ನಂಬಿದರೆ ಏನಾಗುತ್ತದೆಂಬುದನ್ನೂ ದಾವೋಸ್ ತೋರಿಸಿತು. 2009ರ ಜನವರಿ 29. ಗಾಜಾ ಕುರಿತ ಗೋಷ್ಠಿ. ವೇದಿಕೆಯಲ್ಲಿ ಇಸ್ರೇಲಿನ ಅಧ್ಯಕ್ಷ ಶಿಮೋನ್ ಪೆರೆಸ್, ಟರ್ಕಿಯ ಪ್ರಧಾನಿ ಎರ್ಡೊಗಾನ್, ವಿಶ್ವಸಂಸ್ಥೆಯ ಬಾನ್ ಕಿ ಮೂನ್, ಅರಬ್ ಲೀಗ್‌ನ ಅಮರ್ ಮೂಸಾ. ನಡೆಸುತ್ತಿದ್ದವರು ವಾಷಿಂಗ್ಟನ್ ಪೋಸ್ಟ್ ಅಂಕಣಕಾರ ಡೇವಿಡ್ ಇಗ್ನೇಷಿಯಸ್. ಎರ್ಡೊಗಾನ್ ಮಾತಾಡಿದ್ದು ಸುಮಾರು 12 ನಿಮಿಷ. ಕೊನೆಯಲ್ಲಿ ಪೆರೆಸ್ ದನಿ ಏರಿಸಿ ಸುಮಾರು 25 ನಿಮಿಷ ಮಾತಾಡಿದರು. ಉತ್ತರಕ್ಕೆ ಒಂದು ನಿಮಿಷ ಬೇಕು ಎಂದು ಎರ್ಡೊಗಾನ್ ಪಟ್ಟುಹಿಡಿದರು. ಊಟದ ಹೊತ್ತಾಯಿತೆಂದು ಇಗ್ನೇಷಿಯಸ್ ತಡೆಯಲು ನೋಡಿದರು, ಅವರ ಭುಜ ಮುಟ್ಟಿದರು. ಎರ್ಡೊಗಾನ್ ಆ ಕೈ ಸರಿಸಿ ತಮ್ಮ ಮಾತು ಹೇಳಿ, ಇನ್ನು ದಾವೋಸ್‌ಗೆ ಬರುವುದಿಲ್ಲವೆಂದು ಎದ್ದು ಹೊರಟರು. ಆ ರಾತ್ರಿ ಇಸ್ತಾನ್‌ಬುಲ್ ವಿಮಾನ ನಿಲ್ದಾಣದಲ್ಲಿ ಸಾವಿರಾರು ಜನ ಅವರನ್ನು ಎದುರುಗೊಂಡರು. ಹದಿಮೂರು ನಿಮಿಷದ ವ್ಯತ್ಯಾಸ ಆಗಲೇ ಕಣ್ಣಿಗೆ ಕಾಣುವಂತಿತ್ತು. ಅದನ್ನು ಸರಿದೂಗಿಸುವ ಬದಲು ಊಟದ ಸಮಯ ಕಾಯಹೊರಟದ್ದೇ ಎಡವಟ್ಟು ಎಂಬುದು ನನ್ನ ಓದು. ಸಮಯ ಮುಗಿಯಿತೆಂದು ಹೇಳುವುದು ಯಾರಿಗೂ ಬಂದೀತು. ಅದನ್ನು ಯಾರಿಗೆ, ಯಾವ ಗಳಿಗೆಯಲ್ಲಿ ಹೇಳಬೇಕೆಂಬುದರಲ್ಲಿ ಕಸುಬಿದೆ.

ಕರಾವಳಿಯವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. ತಾಳಮದ್ದಳೆಯಲ್ಲಿ ಇಬ್ಬರು ಅರ್ಥಧಾರಿಗಳ ವಾದ ಹದ ಮೀರಿದಾಗ ಭಾಗವತರು ಬೈಯುವುದಿಲ್ಲ, ಮುಂದಿನ ಪದ ಎತ್ತಿಕೊಳ್ಳುತ್ತಾರೆ. ಸ್ಟುಡಿಯೋದಲ್ಲಿ ಬೆಳೆದವರಿಗೂ ಆ ಚಾಕಚಕ್ಯತೆ ಕೆಲಸ ಮಾಡುತ್ತಲೇ ಬರುತ್ತದೆ. ಕಿವಿಯ ಟಾಕ್‌ಬ್ಯಾಕ್‌ನಲ್ಲಿ ನಿರ್ಮಾಪಕ ‘ಮೂವತ್ತು ಸೆಕೆಂಡ್, ಬ್ರೇಕ್‌ಗೆ ಹೋಗಿ’ ಅನ್ನುತ್ತಿರುತ್ತಾನೆ, ಎದುರಿನ ಅತಿಥಿ ವಾಕ್ಯದ ನಡುವೆ ಇರುತ್ತಾನೆ. ಆತ ಉಸಿರೆಳೆಯುವ ಕ್ಷಣ ನೋಡಿ ಒಳಗೆ ನುಗ್ಗಬೇಕು, ನುಗ್ಗಿದ್ದು ಒರಟಾಗಿ ಕಾಣಕೂಡದು. ಕಂಪನಿಗಳು ದುಡ್ಡು ಕೊಡುವುದು ಮುಖ್ಯವಾಗಿ ಈ ಕೌಶಲಕ್ಕೆ. ಚೆನ್ನಾದ ದನಿಗಾದರೆ ಬೇರೆಯವರೂ ಸಿಗುತ್ತಾರೆ.

ಉಳಿದದ್ದೆಲ್ಲ ತೆರೆಮರೆಯ ಕೆಲಸ. ಕಾರ್ಯಕ್ರಮಕ್ಕೆ ವಾರ ಮೊದಲು ಬ್ರೀಫಿಂಗ್ ಕಾಲ್ ನಡೆಯುತ್ತದೆ. ನಾಲ್ಕು ಜನ ಅತಿಥಿಗಳ ಪೈಕಿ ಇಬ್ಬರ ಬದಲು ಅವರ ಪಿಆರ್‌ನವರು ಬಂದಿರುತ್ತಾರೆ. ‘ಷೇರು ಬೆಲೆಯ ಬಗ್ಗೆ ಬೇಡ, ಕೆಲಸದಿಂದ ತೆಗೆದದ್ದರ ಬಗ್ಗೆ ಬೇಡ, ಕೋರ್ಟಿನಲ್ಲಿರುವ ವಿಷಯ ಬೇಡವೇ ಬೇಡ’ ಎಂದು ಸೌಜನ್ಯದಿಂದಲೇ ಬೇಲಿ ಹಾಕುತ್ತಾರೆ. ಆಮೇಲೆ ಪ್ರಶ್ನೆಗಳ ಪಟ್ಟಿ ಕಳಿಸಿ ಎನ್ನುತ್ತಾರೆ, ಪಟ್ಟಿ ತಿದ್ದುಪಡಿಯಾಗಿ ಮರಳುತ್ತದೆ. ವರದಿಗಾರಿಕೆಯ ದಿನಗಳಲ್ಲಾದರೆ ಇಂಥ ಪಟ್ಟಿಯೇ ಸುದ್ದಿಯಾಗುತ್ತಿತ್ತು. ಇಲ್ಲಿ ಅದು ಒಪ್ಪಂದದ ಭಾಗ. ಜಾಣರು ಬೇಲಿಯೊಳಗೇ ನಿಂತು ಕೆಲಸ ಸಾಧಿಸುತ್ತಾರೆ. ನಿಷೇಧಿತ ಪ್ರಶ್ನೆ ಕೇಳದೆ, ಆಡಿದ ಮಾತಿಗೆ ‘ಅಂದರೆ?’ ಎಂದಷ್ಟೇ ಸೇರಿಸಿ ಸುಮ್ಮನೆ ಕಾಯುತ್ತಾರೆ. ಮೌನ ತುಂಬಲು ಅತಿಥಿ ಬಾಯಿಬಿಡುತ್ತಾನೆ. ಗೋಷ್ಠಿಯಲ್ಲಿ ಜನ ನೆನಪಿಟ್ಟುಕೊಳ್ಳುವ ಒಂದೇ ಮಾತು ಬಹುಮಟ್ಟಿಗೆ ಹೀಗೆ ಹುಟ್ಟಿದ್ದು.

ಹಣದ ಪ್ರಶ್ನೆ ಮೊದಲು ಸ್ಫೋಟಿಸಿದ್ದು ಅಮೆರಿಕದಲ್ಲಿ. 1994ರಲ್ಲಿ ಎಬಿಸಿಯ ‘ಪ್ರೈಮ್‌ಟೈಮ್ ಲೈವ್’ ವಿಮಾ ಏಜೆಂಟರ ಸಂಘವೊಂದು ಸಂಸತ್ತಿನ ಸಿಬ್ಬಂದಿಯನ್ನು ಕೀ ವೆಸ್ಟ್ ಕಡಲತೀರಕ್ಕೆ ಕರೆದೊಯ್ದು ಸತ್ಕರಿಸಿದ್ದನ್ನು ಬಯಲಿಗೆಳೆಯಿತು. ಅದೇ ಕಾರ್ಯಕ್ರಮದ ನಿರೂಪಕ ಸ್ಯಾಮ್ ಡೊನಾಲ್ಡ್‌ಸನ್ ಕೆಲವೇ ತಿಂಗಳ ಹಿಂದೆ, ಆ ಸಂಘವೂ ಸೇರಿದ್ದ ವಿಮಾ ಒಕ್ಕೂಟದ ಸಭೆಯಲ್ಲಿ ಮಾತಾಡಲು 30,000 ಡಾಲರ್ ಪಡೆದಿದ್ದರು ಎಂಬುದೂ ಬಯಲಾಯಿತು. ಕಂಪನಿಗಳಿಂದಲೂ ವ್ಯಾಪಾರಿ ಸಂಘಗಳಿಂದಲೂ ಭಾಷಣದ ಸಂಭಾವನೆ ಪಡೆಯಬಾರದೆಂದು ಎಬಿಸಿ ಆ ವರ್ಷವೇ ಕಟ್ಟಪ್ಪಣೆ ಮಾಡಿತು. ಹೆಸರಾಂತ ವರದಿಗಾರರು ಪ್ರತಿಭಟಿಸಿದರು. ದೊಡ್ಡ ಮೊತ್ತ ಕೆಲವೇ ಸಂಜೆಗಳಲ್ಲಿ ಸಿಗುತ್ತಿದ್ದರೆ ಯಾರಾದರೂ ಪ್ರತಿಭಟಿಸಿಯಾರು.

ನಂತರದ ಹೆಜ್ಜೆ ಇನ್ನೂ ವಿಚಿತ್ರ. ಪತ್ರಕರ್ತರಿಗೆ ಬೇಡವೆಂದದ್ದನ್ನು ಪತ್ರಿಕಾ ಸಂಸ್ಥೆಗಳೇ ಮಾಡಹೊರಟವು. ಜಾಹೀರಾತು ಕುಸಿಯುತ್ತಿದ್ದ 2009ರಲ್ಲಿ ವಾಷಿಂಗ್ಟನ್ ಪೋಸ್ಟ್‌ನ ಪ್ರಕಾಶಕರು ತಮ್ಮ ಮನೆಯಲ್ಲೇ ಔತಣಕೂಟ ಏರ್ಪಡಿಸಿ, 25,000 ಡಾಲರ್ ಮತ್ತು ಮೇಲ್ಪಟ್ಟು ಕೊಟ್ಟ ಪ್ರಾಯೋಜಕರನ್ನು ಅಧಿಕಾರಿಗಳು ಹಾಗೂ ಪತ್ರಿಕೆಯ ಸಂಪಾದಕರ ಜೊತೆ ಕೂರಿಸುವ ಯೋಜನೆ ಹಾಕಿದ್ದರು. ಸುದ್ದಿ ಹೊರಬಿದ್ದು, ಛೀಮಾರಿಯಾಗಿ, ಯೋಜನೆ ಅಲ್ಲಿಗೇ ನಿಂತಿತು. ಸಮಾವೇಶಗಳ ವ್ಯಾಪಾರ ಮಾತ್ರ ನಿಲ್ಲಲಿಲ್ಲ. ಇದರಲ್ಲಿ ಒಳ್ಳೆಯ ಪತ್ರಿಕೋದ್ಯಮ ಸಾಧ್ಯವೇ ಇಲ್ಲವೆನ್ನುವುದು ತಪ್ಪು. 2023ರ ನವೆಂಬರ್‌ನಲ್ಲಿ ನ್ಯೂಯಾರ್ಕ್ ಟೈಮ್ಸ್‌ನ ಡೀಲ್‌ಬುಕ್ ಸಮಾವೇಶದಲ್ಲಿ, ಸಿಎನ್‌ಬಿಸಿ ನಿರೂಪಕರೂ ಆದ ಆಂಡ್ರ್ಯೂ ರಾಸ್ ಸೋರ್ಕಿನ್ ಜಾಹೀರಾತುದಾರರು ಕೈಬಿಟ್ಟುಹೋಗುತ್ತಿರುವುದನ್ನು ಪ್ರಸ್ತಾಪಿಸಿದಾಗ ಎಲಾನ್ ಮಸ್ಕ್ ಆ ಜಾಹೀರಾತುದಾರರಿಗೆ ವೇದಿಕೆಯಲ್ಲೇ ಬೈಗುಳ ಹಾಕಿದರು. ಸೋರ್ಕಿನ್ ಗಾಬರಿಯಾಗದೆ ಮಾತು ಮುಂದುವರಿಸಿದರು. ವರದಿಯ ಉದ್ದೇಶಕ್ಕೆ ಕೊಟ್ಟ ಸಂದರ್ಶನದಲ್ಲಿ ಸಿಗದದ್ದು ಸಭಿಕರ ಮುಂದೆ ಸಿಕ್ಕಿತು.

ಲೆಕ್ಕ ಇಡುವ ವಿಷಯದಲ್ಲಿ ಬ್ರಿಟನ್ ಮುಂದಿದೆ. ಬಿಬಿಸಿ 2021ರಿಂದ ತನ್ನ ಪತ್ರಕರ್ತರು ಮತ್ತು ನಿರೂಪಕರು ಹೊರಗಿನ ಕಾರ್ಯಕ್ರಮಗಳಲ್ಲಿ ಪಡೆಯುವ ಹಣದ ವಿವರವನ್ನು ಮೂರು ತಿಂಗಳಿಗೊಮ್ಮೆ ಪ್ರಕಟಿಸುತ್ತಿದೆ. ಯಾರು, ಯಾವ ಸಂಸ್ಥೆಗೆ, ಯಾವ ಮೊತ್ತದ ಶ್ರೇಣಿಯಲ್ಲಿ ಎಂಬುದು ಯಾರಿಗೂ ಓದಸಿಗುತ್ತದೆ. ಜರ್ಮನಿಯಲ್ಲಿ 2023ರಲ್ಲಿ ಸಂಸತ್ತಿನ ಪ್ರಶ್ನೆಗೆ ಉತ್ತರಿಸಿದ ಸರ್ಕಾರ, ಗೋಷ್ಠಿ ನಡೆಸುವುದೇ ಮೊದಲಾದ ಕೆಲಸಗಳಿಗಾಗಿ ಐದು ವರ್ಷಗಳಲ್ಲಿ ಪತ್ರಕರ್ತರಿಗೆ ಸುಮಾರು 15 ಲಕ್ಷ ಯೂರೊ ಕೊಟ್ಟದ್ದಾಗಿ ಒಪ್ಪಿಕೊಂಡಿತು. ಅರ್ಧಕ್ಕಿಂತ ಹೆಚ್ಚು ಹೋದದ್ದು ಸಾರ್ವಜನಿಕ ಪ್ರಸಾರ ಸಂಸ್ಥೆಗಳವರಿಗೆ, ಅಂದರೆ ಸರ್ಕಾರವನ್ನು ದಿನವೂ ಪ್ರಶ್ನಿಸಬೇಕಾದವರಿಗೆ. ಇವೆರಡರ ನಡುವೆ ಟಿಮ್ ಸೆಬಾಸ್ಟಿಯನ್ ಹಿಡಿದ ಮೂರನೆಯ ದಾರಿ ನನಗೆ ಹೆಚ್ಚು ಕುತೂಹಲದ್ದು. 1997ರಲ್ಲಿ ಬಿಬಿಸಿಯ ‘ಹಾರ್ಡ್‌ಟಾಕ್’ ಆರಂಭಿಸಿದ ಈ ಕಟು ಸಂದರ್ಶಕ 2004ರಲ್ಲಿ ಕತಾರ್ ಫೌಂಡೇಶನ್ನಿನ ದುಡ್ಡಿನಲ್ಲಿ ‘ದೋಹಾ ಡಿಬೇಟ್ಸ್’ ಕಟ್ಟಿದರು. ವಿಷಯ, ಭಾಷಣಕಾರರ ಆಯ್ಕೆ ತಮ್ಮದೇ ಎಂಬ ಷರತ್ತಿನ ಮೇಲೆ. ಅರಬ್ ಜಗತ್ತಿನ ಎಳೆಯರು ಅಲ್ಲಿ ಮಂತ್ರಿಗಳ ಮುಖಕ್ಕೆ ಪ್ರಶ್ನೆ ಕೇಳಿ ಮತ ಹಾಕಿದರು, ಬಿಬಿಸಿ ವರ್ಲ್ಡ್ ಅದನ್ನು ಪ್ರಸಾರ ಮಾಡಿತು. ದುಡ್ಡು ಕೊಟ್ಟವರು ಕೈಕಟ್ಟಿ ಕೂತರೆ ಬಾಡಿಗೆ ವೇದಿಕೆಯಲ್ಲೂ ಕೆಲಸವಾಗುತ್ತದೆ. ಕೈಕಟ್ಟಿ ಕೂರುವವರು ಅಪರೂಪ.

ಭಾರತದಲ್ಲಿ ಈ ಪೇಟೆ ತೆರೆದದ್ದು ಉದಾರೀಕರಣದ ನಂತರ. 1999ರ ಕೊನೆಗೆ ಸಿಎನ್‌ಬಿಸಿ ಇಂಡಿಯಾ ಬಂದಾಗ, ಆಯವ್ಯಯ ಪತ್ರ ಓದಬಲ್ಲ ನಿರೂಪಕರ ಹೊಸ ತಲೆಮಾರು ಹುಟ್ಟಿತು. ಷೇರುಪೇಟೆಯ ಪಾಠವೂ ಆಯಿತು, ಉದ್ಯಮಿಗಳ ಪರಿಚಯವೂ ಆಯಿತು. ಇಂಡಿಯಾ ಟುಡೇ ಕಾನ್‌ಕ್ಲೇವ್ 2002ರಲ್ಲಿ, ಹಿಂದೂಸ್ತಾನ್ ಟೈಮ್ಸ್‌ನ ನಾಯಕತ್ವ ಸಮಾವೇಶ 2003ರಲ್ಲಿ ಶುರುವಾದ ಮೇಲೆ ಸ್ಟುಡಿಯೋಗೂ ಹೋಟೆಲಿನ ಸಭಾಂಗಣಕ್ಕೂ ನಡುವಿನ ಗೋಡೆ ತೆಳುವಾಯಿತು. ಬೆಳಿಗ್ಗೆ ಸಂಸ್ಥೆಯ ಸಮಾವೇಶದಲ್ಲಿ ಪ್ರಾಯೋಜಕನನ್ನು ಸಂದರ್ಶಿಸಿದ ನಿರೂಪಕಿ ಸಂಜೆ ಅದೇ ಕಂಪನಿಯ ಫಲಿತಾಂಶದ ಸುದ್ದಿ ಓದಬೇಕು. ಬಿಬಿಸಿಯ ಪಟ್ಟಿಯಂಥದ್ದನ್ನು ನಮ್ಮ ವಾಹಿನಿಯೊಂದು ಪ್ರಕಟಿಸಿದ್ದನ್ನು ನಾನಂತೂ ನೋಡಿಲ್ಲ.

ಕನ್ನಡದ ಕಥೆಗೆ ಬೇರೆ ಮೊದಲಿದೆ. ಬೆಂಗಳೂರು ಆಕಾಶವಾಣಿ 1955ರಲ್ಲಿ, ದೂರದರ್ಶನ ಕೇಂದ್ರ 1981ರಲ್ಲಿ ಬಂದವು. ಅಲ್ಲಿ ದನಿ ಪಳಗಿಸಿದವರನ್ನು ಮೊದಲು ಕರೆದದ್ದು ಕಂಪನಿಗಳಲ್ಲ, ಸರ್ಕಾರಿ ಸಮಾರಂಭಗಳು, ಉತ್ಸವಗಳು, ಸಮ್ಮೇಳನಗಳು. ಈ ಪರಂಪರೆಯ ಶಿಖರ ನಿರೂಪಕಿ ಅಪರ್ಣಾ. ಆಕಾಶವಾಣಿ, ದೂರದರ್ಶನಗಳಿಂದ ರಾಜ್ಯದ ದೊಡ್ಡ ವೇದಿಕೆಗಳಿಗೆ, ಕೊನೆಗೆ ನಮ್ಮ ಮೆಟ್ರೋದ ಬೋಗಿಗಳಿಗೆ ಹರಡಿದ ಆ ದನಿ 2024ರ ಜುಲೈ 11ರಂದು ನಿಂತಿತು. ಅವರ ನಿರೂಪಣೆಯಲ್ಲಿ ಉಚ್ಚಾರ, ಔಚಿತ್ಯ, ಸಿದ್ಧತೆ ಮೂರೂ ಇದ್ದವು. ಆದರೆ ಆ ಪರಂಪರೆಯ ವೇದಿಕೆ ಪ್ರಶ್ನೆ ಕೇಳುವ ವೇದಿಕೆಯಾಗಿರಲಿಲ್ಲ, ಮುಂದಿನವರನ್ನು ಮಾತಿಗೆ ಆಹ್ವಾನಿಸುವ ವೇದಿಕೆ. ಪ್ರಶ್ನೆ ಕೇಳುವವರು ಬಂದದ್ದು ಆಮೇಲೆ: ಹೈದರಾಬಾದಿನ ರಾಮೋಜಿ ಫಿಲ್ಮ್ ಸಿಟಿಯಲ್ಲಿ ಈಟೀವಿ ಕನ್ನಡದ ಸುದ್ದಿಮನೆಯಲ್ಲಿ ತಯಾರಾದವರು, 2006ರ ನಂತರ ಇಪ್ಪತ್ತನಾಲ್ಕು ಗಂಟೆಯ ವಾಹಿನಿಗಳಲ್ಲಿ ಹುರಿಗೊಂಡವರು.

ಇವರಿಗೆ ಬೆಂಗಳೂರು ಟೆಕ್ ಸಮ್ಮಿಟ್‌ನ ಮುಖ್ಯ ಗೋಷ್ಠಿ ಸುಲಭಕ್ಕೆ ಒಲಿಯುವುದಿಲ್ಲ. ಅಲ್ಲಿ ಇಂಗ್ಲಿಷಿನದೇ ಕಾರುಬಾರು, ದಿಲ್ಲಿ ಮುಂಬೈಗಳಿಂದ ನಿರೂಪಕರು ವಿಮಾನ ಇಳಿಯುತ್ತಾರೆ. ಕನ್ನಡದ ನಿರೂಪಕರ ನಿಜವಾದ ಪೇಟೆ ಬೇರೆ: ಹುಬ್ಬಳ್ಳಿಯಲ್ಲಿ ಟ್ರ್ಯಾಕ್ಟರ್ ಕಂಪನಿಯ ಡೀಲರ್ಸ್ ಮೀಟ್, ದಾವಣಗೆರೆಯಲ್ಲಿ ಬೀಜ ಕಂಪನಿಯ ರೈತ ಸಂವಾದ, ನವೆಂಬರ್ ತಿಂಗಳಿಡೀ ಐಟಿ ಕಂಪನಿಗಳ ರಾಜ್ಯೋತ್ಸವ. ಇವುಗಳಲ್ಲಿ ರೈತ ಸಂವಾದವೇ ಕಷ್ಟದ್ದು. ಬಿತ್ತಿದ ಬೀಜ ಮೊಳೆಯಲಿಲ್ಲವೆಂದು ರೈತ ಮೈಕ್ ಹಿಡಿದು ಎದ್ದರೆ ಅವನಿಗೆ ಪಿಆರ್‌ನವರ ಪಟ್ಟಿ ಗೊತ್ತಿಲ್ಲ. ಕಂಪನಿಯ ಮಾರಾಟ ವ್ಯವಸ್ಥಾಪಕ ನಿರೂಪಕನ ಮುಖ ನೋಡುತ್ತಾನೆ, ರೈತನೂ ನೋಡುತ್ತಾನೆ. ಟೀವಿಯಲ್ಲಿ ನೋಡಿದ ಮುಖ ತನ್ನ ಪರವಾಗಿ ನಿಲ್ಲುತ್ತದೆ ಎಂಬ ನಂಬಿಕೆ ರೈತನದು, ದುಡ್ಡು ಕೊಟ್ಟದ್ದು ತಾನು ಎಂಬ ಎಣಿಕೆ ವ್ಯವಸ್ಥಾಪಕನದು. ಮೈಕ್ ಕಸಿದುಕೊಳ್ಳದೆ, ‘ಯಾವ ತಳಿ, ಎಷ್ಟು ಎಕರೆ, ಬಿಲ್ ಇದೆಯಾ?’ ಎಂದು ಮೂರು ಪ್ರಶ್ನೆ ಕೇಳಿ, ಉತ್ತರವನ್ನು ವ್ಯವಸ್ಥಾಪಕನ ಕಡೆ ತಿರುಗಿಸುವವರು ವರದಿಗಾರಿಕೆ ಮಾಡಿ ಬಂದವರು.

ಕೋವಿಡ್ ಈ ಕಸುಬಿಗೆ ಅನಿರೀಕ್ಷಿತ ಬೆಲೆ ತಂದಿತು. 2020ರ ನವೆಂಬರ್‌ನಲ್ಲಿ ಬೆಂಗಳೂರು ಟೆಕ್ ಸಮ್ಮಿಟ್ ಪರದೆಯ ಮೇಲೆಯೇ ನಡೆಯಿತು. ಕಂಪನಿಗಳ ವಾರ್ಷಿಕ ಸಭೆಗಳನ್ನೂ ವಿಡಿಯೋ ಮೂಲಕ ನಡೆಸಲು ಅನುಮತಿ ಸಿಕ್ಕಿತು. ಎದುರಿಗೆ ಒಬ್ಬ ಸಭಿಕನೂ ಇಲ್ಲದೆ ಕ್ಯಾಮೆರಾದ ಕಣ್ಣಿಗೆ ಕಣ್ಣು ಕೊಟ್ಟು ಮಾತಾಡುವುದು ವೇದಿಕೆಯ ಕಲಾವಿದರಿಗೆ ಹಿಂಸೆ, ಟೀವಿಯವರಿಗೆ ನಿತ್ಯದ ಕೆಲಸ. ಜೊತೆಗೆ ಸ್ಲೈಡೋದಂಥ ಆ್ಯಪ್‌ಗಳು ಮನೆಮಾತಾದವು. ಸಭಿಕರು ಮೊಬೈಲಿನಲ್ಲೇ ಪ್ರಶ್ನೆ ಬರೆಯುತ್ತಾರೆ, ಉಳಿದವರು ಮೆಚ್ಚಿ ಮೇಲಕ್ಕೆ ತಳ್ಳುತ್ತಾರೆ, ನಿರೂಪಕರ ಮುಂದಿನ ಟ್ಯಾಬ್‌ನಲ್ಲಿ ಪಟ್ಟಿ ಕ್ಷಣಕ್ಷಣಕ್ಕೂ ಅದಲುಬದಲಾಗುತ್ತದೆ. ಕಂಪನಿಯ ಆಂತರಿಕ ಸಭೆಯಲ್ಲಿ ನೂರಾರು ಮೆಚ್ಚುಗೆ ಪಡೆದು ಮೊದಲ ಸ್ಥಾನಕ್ಕೆ ಏರುವುದು ಸಾಮಾನ್ಯವಾಗಿ ಸಂಬಳ ಏರಿಕೆಯ ಅಥವಾ ಕೆಲಸ ಕಡಿತದ ಪ್ರಶ್ನೆ, ಹೆಸರಿಲ್ಲದ್ದು. ಅದನ್ನು ಬಿಟ್ಟು ಐದನೆಯದನ್ನು ಓದಿದರೆ ಅಷ್ಟೂ ಜನರಿಗೆ ಗೊತ್ತಾಗುತ್ತದೆ, ಏಕೆಂದರೆ ಪಟ್ಟಿ ಅವರ ಕೈಯಲ್ಲೂ ಇದೆ. ಮೊದಲ ಪ್ರಶ್ನೆಯನ್ನು ಕೇಳಲು ಬಿಡುತ್ತೀರಾ ಎಂದು ಬ್ರೀಫಿಂಗ್ ಕಾಲ್‌ನಲ್ಲೇ ಇತ್ಯರ್ಥ ಮಾಡಿಕೊಂಡು, ಬಿಡುವುದಿಲ್ಲ ಎಂದರೆ ಬೇರೆಯವರನ್ನು ನೋಡಿಕೊಳ್ಳಿ ಎನ್ನುವ ಕೆಲವರು ಬೆಂಗಳೂರಿನಲ್ಲಿದ್ದಾರೆ. ಅವರಿಗೆ ಕೆಲಸ ಕಡಿಮೆಯಾಗಿಲ್ಲ.