ಅಂತಃಪುರಕ್ಕೆ ಬಂದ ಕಾಗದ: 19ನೆಯ ಶತಮಾನದ ಬಂಗಾಳದಲ್ಲಿ ದಾಂಪತ್ಯಪ್ರೇಮ ಮತ್ತು ಪತ್ರ

ಬಂಗಾಳದ ಮೌಖಿಕ ಪರಂಪರೆಯಲ್ಲಿಯೂ ಮಂಗಲಕಾವ್ಯಗಳಲ್ಲಿಯೂ ‘ಬಾರಮಾಸ್ಯಾ’ ಎಂಬೊಂದು ಪ್ರಕಾರವುಂಟು. ಹನ್ನೆರಡು ತಿಂಗಳುಗಳನ್ನು ಒಂದೊಂದಾಗಿ ಹೆಸರಿಸುತ್ತ, ಆಯಾ ಋತುವಿನ ಮಳೆ, ಬಿಸಿಲು, ಹಬ್ಬಗಳ ನಡುವೆ ಹೆಣ್ಣು ತನ್ನ ಅಳಲನ್ನು ತೋಡಿಕೊಳ್ಳುವುದು ಅದರ ಕ್ರಮ. ಮುಕುಂದರಾಮನ ‘ಚಂಡೀಮಂಗಲ’ದ ಫುಲ್ಲರೆಯ ಬಾಯಲ್ಲಿ ಅದು ಬಡತನದ ದೂರು, ಬೇರೆ ಹಲವೆಡೆ ದೂರದಲ್ಲಿರುವ ಗಂಡನನ್ನು ಕುರಿತ ವಿರಹ. ಈ ವಿರಹದ ಹಾಡು ಯಾರನ್ನು ಕುರಿತದ್ದೋ ಅವನಿಗೆ ಅದು ಕೇಳಿಸುವುದಿಲ್ಲ ಎಂಬುದು ಗಮನಾರ್ಹ. ಕೇಳುವವರು ಗೆಳತಿಯರು, ಮನೆಯ ಹೆಂಗಸರು. 19ನೆಯ ಶತಮಾನದ ನಡುಭಾಗದಲ್ಲಿ ಈ ಸ್ಥಿತಿ ಪಲ್ಲಟಗೊಂಡುದು ಹೇಗೆಂಬುದು ಇಲ್ಲಿನ ವಿಚಾರ.

ಕಂಪನಿಯ ಕಚೇರಿಗಳ ಗುಮಾಸ್ತಗಿರಿಯನ್ನು ಅರಸಿ ಕಲಕತ್ತೆಗೆ ಬಂದ ಗಂಡಸರು ‘ಮೆಸ್‌ಬಾಡಿ’ಗಳಲ್ಲಿ ಗುಂಪಾಗಿ ವಾಸಿಸಿದರು, ಹೆಂಡತಿಯರು ಹಳ್ಳಿಯಲ್ಲಿ ಅತ್ತೆಯ ಮನೆಯಲ್ಲಿ ಉಳಿದರು. 1854ರ ಅಂಚೆ ಸುಧಾರಣೆಯಿಂದ ಕಾಲು ತೊಲ ತೂಕದ ಕಾಗದ ದೂರವೆಷ್ಟೇ ಇರಲಿ ಅರ್ಧ ಆಣೆಗೆ ತಲಪುವಂತಾಯಿತು. (1879ರಲ್ಲಿ ಬಂದ ಕಾಲಾಣೆಯ ಅಂಚೆಕಾರ್ಡು ಇನ್ನೂ ಅಗ್ಗ; ಆದರೆ ಮನೆಯವರೆಲ್ಲರ ಕಣ್ಣಿಗೆ ಬೀಳುವ ಕಾರ್ಡಿನಲ್ಲಿ ಯಾವ ಗಂಡ ತಾನೇ ಮನಸ್ಸು ಬಿಚ್ಚಿಯಾನು?) ಅಂಚೆ ಸಿದ್ಧವಿತ್ತು, ಓದುವವಳು ಇರಲಿಲ್ಲ. ಅಕ್ಷರ ಕಲಿತ ಹೆಣ್ಣು ವಿಧವೆಯಾಗುತ್ತಾಳೆಂಬ ನಂಬಿಕೆ ಬಲವಾಗಿತ್ತು. ‘ಆಮಾರ್ ಜೀಬನ್’ ಎಂಬ ಆತ್ಮಕಥೆಯನ್ನು ಬರೆದ ರಾಸಸುಂದರೀ ದೇವಿ ‘ಚೈತನ್ಯ ಭಾಗವತ’ದ ಒಂದು ಹಾಳೆಯನ್ನು ಅಡುಗೆಮನೆಯಲ್ಲಿ ಬಚ್ಚಿಟ್ಟು, ಮಗ ಬರೆದ ತಾಳೆಗರಿಯೊಡನೆ ಹೋಲಿಸಿ ಹೋಲಿಸಿ ಅಕ್ಷರ ಗುರುತಿಸಿದವಳು. ಅವಳನ್ನು ಓದಿಗೆ ಎಳೆದದ್ದು ಭಕ್ತಿ, ಪತಿಯ ಕಾಗದವಲ್ಲ.

ಕಾಗದಕ್ಕಾಗಿಯೇ ಅಕ್ಷರ ಕಲಿಯಬೇಕಾಗಿ ಬಂದ ಸ್ಪಷ್ಟ ನಿದರ್ಶನ ಜೋಡಾಸಾಂಕೊದ ಠಾಕೂರ್ ಮನೆತನದಲ್ಲಿ ದೊರೆಯುತ್ತದೆ. ಜ್ಞಾನದಾನಂದಿನಿ 1859ರಲ್ಲಿ ಸತ್ಯೇಂದ್ರನಾಥರ ಕೈಹಿಡಿದಾಗ ಇನ್ನೂ ಹತ್ತು ತುಂಬದ ಹುಡುಗಿ. 1862ರಲ್ಲಿ ಸಿವಿಲ್ ಸರ್ವೀಸ್ ಪರೀಕ್ಷೆಗೆಂದು ಪತಿ ಇಂಗ್ಲೆಂಡಿಗೆ ಹೊರಟರು. ಅಲ್ಲಿಂದ ಬಂದ ಪತ್ರಗಳ ಸಾರ ಇಷ್ಟು: ನಮ್ಮ ಮದುವೆ ಹಿರಿಯರು ಮಾಡಿದ್ದು, ನಾವು ಮಾಡಿಕೊಂಡದ್ದಲ್ಲ, ನೀನು ಬೆಳೆದು ವಿದ್ಯಾವತಿಯಾಗುವವರೆಗೆ ನಾವು ನಿಜವಾದ ಗಂಡಹೆಂಡಿರಲ್ಲ. ಇತ್ತ ಮೈದುನ ಹೇಮೇಂದ್ರನಾಥರ ಮುಂದೆ ಮುಸುಕು ಹೊದ್ದು ಕುಳಿತು ಆಕೆ ಪಾಠ ಕಲಿಯುತ್ತಿದ್ದರು.

ಮಗಳು ಇಂದಿರಾದೇವಿ ಚೌಧುರಾಣಿ ಸಂಪಾದಿಸಿದ ‘ಪುರಾತನಿ’ಯಲ್ಲಿ ಇದಕ್ಕೂ ಹಿಂದಿನ ಒಂದು ಪ್ರಸಂಗವಿದೆ. ಗೆಳೆಯ ಮನಮೋಹನ ಘೋಷರಿಗೆ ಹೆಂಡತಿಯನ್ನು ತೋರಿಸಬೇಕೆಂದು ಸತ್ಯೇಂದ್ರನಾಥರಿಗೆ ಆಸೆ. ಪರಪುರುಷರಿಗೆ ಅಂತಃಪುರದ ಪ್ರವೇಶವಿಲ್ಲ. ಕಾವಲಿನವರಿಗೆ ಒಬ್ಬನೇ ನಡೆದಂತೆ ಕೇಳಿಸಲೆಂದು ಇಬ್ಬರೂ ಹೆಜ್ಜೆಗೆ ಹೆಜ್ಜೆ ಕೂಡಿಸಿ ರಾತ್ರಿ ಒಳಗೆ ಬಂದರು. ಗೆಳೆಯನನ್ನು ಸೊಳ್ಳೆಪರದೆಯೊಳಗೆ ಕೂರಿಸಲಾಯಿತು. ಆತ ಮಾತಾಡಲಿಲ್ಲ, ಆಕೆಯೂ ಆಡಲಿಲ್ಲ. ಬಂದಂತೆಯೇ ಹಿಂತಿರುಗಿದರು. ಜನಪದ ಕಥೆಯೊಂದರ ಆಶಯದಂತೆ ತೋರುವ ಈ ಘಟನೆ ನಗೆ ತರಿಸುತ್ತದೆ ನಿಜ. ಆದರೆ ಈ ಸಾಹಸದಲ್ಲಿ ಹುಡುಗಿಯ ಒಪ್ಪಿಗೆಯನ್ನು ಯಾರೂ ಕೇಳಿದಂತೆ ಕಾಣದು.

1864ರಲ್ಲಿ ದಂಪತಿಗಳು ಮುಂಬಯಿಗೆ ಹೊರಟಾಗಲೂ ಕುಲವಧು ಎಲ್ಲರೆದುರು ಮನೆಯಿಂದ ನಡೆದುಹೋಗಲಾಗದೆ, ಪಲ್ಲಕ್ಕಿಯಲ್ಲಿ ಹಡಗಿನವರೆಗೆ ಸಾಗಬೇಕಾಯಿತು. ಮುಂದೆ ಸತ್ಯೇಂದ್ರನಾಥರು ನ್ಯಾಯಾಧೀಶರಾಗಿ ನಮ್ಮ ಕಾರವಾರದಲ್ಲಿಯೂ ಇದ್ದರು. 1883ರಲ್ಲಿ ಅಲ್ಲಿಗೆ ಬಂದ ತಮ್ಮ ರವೀಂದ್ರನಾಥರು ‘ಪ್ರಕೃತಿರ್ ಪ್ರತಿಶೋಧ್’ ನಾಟಕವನ್ನು ಆ ಕಡಲತೀರದಲ್ಲಿ ಬರೆದರು. ಕಾರವಾರದಿಂದ ಮರಳಿದ ಕೆಲಕಾಲದಲ್ಲೇ, ಅದೇ ವರ್ಷದ ಡಿಸೆಂಬರಿನಲ್ಲಿ, ಅವರ ಮದುವೆ. ಭವತಾರಿಣಿ ಎಂಬ ಬಾಲವಧುವಿನ ಹೆಸರು ಮೃಣಾಲಿನಿ ಎಂದಾಯಿತು.

ದಾಂಪತ್ಯಪ್ರೇಮದ ಉದಯವೆಂದು ಸಾಹಿತ್ಯಚರಿತ್ರೆಗಳು ಕೊಂಡಾಡುವ ಈ ಕಾಲದ ಇನ್ನೊಂದು ಮುಖವನ್ನು ಮರೆಯಲಾಗದು. 1872ರ ಮೂರನೆಯ ಕಾಯಿದೆ ತನ್ನಡಿ ನೋಂದಣಿಯಾಗುವ ಮದುವೆಗಳಿಗೆ ಹೆಣ್ಣಿನ ವಯಸ್ಸನ್ನು 14 ಎಂದು ಗೊತ್ತುಮಾಡಿತು. ಅದಕ್ಕಾಗಿ ಹೋರಾಡಿದ ಕೇಶವಚಂದ್ರ ಸೇನರೇ 1878ರಲ್ಲಿ 14 ತುಂಬದ ಮಗಳನ್ನು ಕೂಚ್‌ಬಿಹಾರದ ರಾಜನಿಗೆ ಕೊಟ್ಟಾಗ ಬ್ರಾಹ್ಮಸಮಾಜ ಒಡೆಯಿತು. ಹತ್ತು ವರ್ಷ ದಾಟಿದ ಫೂಲ್‌ಮಣಿ ಎಂಬ ಬಾಲೆ ಗಂಡನ ಸಂಪರ್ಕದಿಂದಲೇ ಸತ್ತಳು. ಆ ಮೊಕದ್ದಮೆಯ ಹಿನ್ನೆಲೆಯಲ್ಲಿ, ಉಗ್ರ ವಿರೋಧದ ನಡುವೆ, 1891ರಲ್ಲಿ ಸಮ್ಮತಿಯ ವಯಸ್ಸು 10ರಿಂದ 12ಕ್ಕೆ ಏರಿತು. ಪ್ರೇಮಪತ್ರಗಳು ಹರಿದಾಡಿದ್ದು ಇದೇ ಸಮಾಜದಲ್ಲಿ.

ಆಕರಗಳ ಮಾತಿಗೆ ಬಂದರೆ ತೊಡಕು ಇನ್ನಷ್ಟು ಗಾಢ. ‘ಪುರಾತನಿ’ಯಲ್ಲಿರುವುದು ಪತಿಯ ಪತ್ರಗಳು. ರವೀಂದ್ರನಾಥರು ಮೃಣಾಲಿನಿಗೆ ಬರೆದ ಕಾಗದಗಳು 1942ರಲ್ಲಿ ‘ಚಿಠಿಪತ್ರ’ದ ಮೊದಲ ಸಂಪುಟವಾಗಿ ಬಂದವು, ಅದರಲ್ಲಿ ಪತಿ ಕೇಳುತ್ತಾನೆ, ಕೋಪಿಸುತ್ತಾನೆ, ಸಮಾಧಾನಪಡಿಸುತ್ತಾನೆ. ಪತ್ನಿ ಏನೆಂದಳೆಂಬುದನ್ನು ಅವನ ಮಾತಿನಿಂದಲೇ ಊಹಿಸಬೇಕು. ಜ್ಞಾನದಾನಂದಿನಿಯಾದರೋ ಸ್ಮೃತಿಕಥನವನ್ನು ಬಿಟ್ಟುಹೋದರು. ಮೃಣಾಲಿನಿ 1902ರಲ್ಲಿ, ಮೂವತ್ತು ತುಂಬುವ ಮೊದಲೇ, ತೀರಿಕೊಂಡರು. ಬಾರಮಾಸ್ಯಾದಲ್ಲಿ ಹೆಣ್ಣಿನ ದನಿಯಿದೆ, ಆದರೆ ಅದನ್ನು ಕೇಳುವ ಗಂಡನಿಲ್ಲ. ಪತ್ರಸಂಪುಟದಲ್ಲಿ ಗಂಡನಿದ್ದಾನೆ, ಹೆಣ್ಣಿನ ಉತ್ತರವಿಲ್ಲ. ಈ ಕಾಲದ ಬಂಗಾಳಿ ದಾಂಪತ್ಯವನ್ನು ಕುರಿತು ಬರೆಯುವವರು ಈ ಎರಡು ಆಕರಗಳನ್ನು ಬೇರೆಬೇರೆ ಕಪಾಟುಗಳಲ್ಲಿಟ್ಟು ಓದುತ್ತ ಬಂದಿದ್ದಾರೆ: ಒಂದು ಜಾನಪದಕ್ಕೆ, ಇನ್ನೊಂದು ಸಾಹಿತ್ಯಚರಿತ್ರೆಗೆ. ನನ್ನ ಅಭಿಪ್ರಾಯದಲ್ಲಿ ಅವು ಒಂದೇ ಮೇಜಿನ ಮೇಲೆ ಇರತಕ್ಕವು.