ಬಹುಪಾತ್ರಧಾರಿ ಎಡ್ಡಿ ಗಾರ್ಸಿಯಾ

‘ಪಾತ್ರ’ ಎಂಬ ಮಾತಿಗೆ ನಮ್ಮ ನುಡಿಯಲ್ಲಿ ಎರಡರ್ಥವುಂಟೆಂಬುದನ್ನು ವಾಚಕರು ಬಲ್ಲಿರಿ. ಒಂದು, ನೀರು ತುಂಬುವ ಭಾಂಡ. ಇನ್ನೊಂದು, ನಟನು ಧರಿಸುವ ವೇಷ. ನೀರು ತಾನು ಸೇರಿದ ಭಾಂಡದ ಆಕಾರವನ್ನೇ ತಾಳುತ್ತದೆ. ತಾನು ವಹಿಸಿದ ವೇಷದ ಆಕಾರವನ್ನು ಹಾಗೆಯೇ ತಾಳಬಲ್ಲ ನಟರು ಯಾವ ದೇಶದಲ್ಲಾದರೂ ವಿರಳ. ಫಿಲಿಪ್ಪೀನ್ಸ್ ದೇಶದ ಎಡ್ಡಿ ಗಾರ್ಸಿಯಾ ಅಂಥವರಲ್ಲೊಬ್ಬರು.

ಇವರು ಹುಟ್ಟಿದ್ದು 1929ರಲ್ಲಿ, ಲೂಸಾನ್ ದ್ವೀಪದ ದಕ್ಷಿಣದ ತುದಿಯಲ್ಲಿರುವ ಸೊರ್ಸೊಗಾನ್ ಸೀಮೆಯಲ್ಲಿ. ಎರಡನೆಯ ಮಹಾಯುದ್ಧ ಮುಗಿದ ಮೇಲೆ ಸೈನಿಕರಾಗಿ ಜಪಾನಿನ ಓಕಿನಾವಾದಲ್ಲಿ ಕಾವಲಿದ್ದರು. ಬಂದೂಕು ಕೆಳಗಿಟ್ಟು ಬಂದವರಿಗೆ, ನಿರ್ದೇಶಕ ಮಾನುವೆಲ್ ಕೊಂಡೆ ತಮ್ಮ ‘ಸಿಯೆತೆ ಇನ್ಫಾಂತೆಸ್ ದೆ ಲಾರಾ’ ಎಂಬ ಚಿತ್ರದಲ್ಲಿ ಬಣ್ಣ ಹಚ್ಚಿಸಿದರು. ಅದು 1950ರ ಮಾತು.

ರೂಪವಿತ್ತು, ಕಂಠವಿತ್ತು, ಆದರೂ ಅವರು ನಾಯಕಪಟ್ಟಕ್ಕಾಗಿ ಕಾಯುತ್ತ ಕೂಡಲಿಲ್ಲ. ಖಳನ ಪಾತ್ರ ಬಂದರೆ ಖಳ, ತಂದೆಯ ಪಾತ್ರ ಬಂದರೆ ತಂದೆ, ನಗಿಸಬೇಕೆಂದರೆ ಹಾಸ್ಯಗಾರ. ತಾವೂ ಎಷ್ಟೋ ಸಲ ಚಿತ್ರಮಂದಿರದಲ್ಲಿ ಖಳನನ್ನು ಶಪಿಸಿ ಮನೆಗೆ ಬಂದಿರಬಹುದು. ಆ ಶಾಪವೇ ಆತನಿಗೆ ಸಂದ ಮರ್ಯಾದೆ. ನಿರ್ದೇಶಕ ಲೀನೋ ಬ್ರೋಕಾ ಅವರ ‘ತುಬೋಗ್ ಸಾ ಗಿಂತೋ’ದಲ್ಲಿ, ಪುರುಷರತ್ತ ತನಗಿರುವ ಒಲವನ್ನು ಹೆಂಡತಿ ಮಕ್ಕಳಿಂದ ಮುಚ್ಚಿಟ್ಟು ಬೇಯುವ ಧನಿಕನ ಪಾತ್ರವನ್ನು ಅವರು ವಹಿಸಿದರು. ಹೆಸರಿಗೆ ಹೆದರುವ ನಟರು ಅಂದು ಮುಟ್ಟಲು ಅಂಜುತ್ತಿದ್ದ ಪಾತ್ರವದು.

ಅವರು ನಿರ್ದೇಶಕರೂ ಆದರು. 1982ರ ‘ಸಿನಸಂಬಾ ಕಿತಾ’ ಅವರದು. ಅಲ್ಲಿನ ಫಮಾಸ್ ಎಂಬ ಚಲಚ್ಚಿತ್ರ ಸಂಸ್ಥೆಯು ನಾಯಕನಟ, ಪೋಷಕನಟ, ನಿರ್ದೇಶಕ ಈ ಮೂರು ವಿಭಾಗಗಳಲ್ಲಿಯೂ ಅವರನ್ನು ತನ್ನ ಕೀರ್ತಿಶಾಲಿಗಳ ಪಂಕ್ತಿಗೆ ಸೇರಿಸಿತು. ಜನರಿಗಾದರೋ ಅವರು ‘ಮನೋಯ್’. ಅವರ ಸೀಮೆಯ ಮಾತಿನಲ್ಲಿ ಹಾಗೆಂದರೆ ಅಣ್ಣ.

ಮುಪ್ಪು ಅವರನ್ನು ಮೂಲೆಗೆ ಕೂರಿಸಲಿಲ್ಲ. 2012ರ ‘ಬ್ವಾಕಾವ್’ನಲ್ಲಿ ನಾಯಿಯೊಂದೇ ಜೊತೆಯಾಗಿ ಸಾವನ್ನು ಎದುರುನೋಡುವ ಒಂಟಿ ಮುದುಕನಾದರು. 2018ರ ‘ಎಂ.ಎಲ್.’ ಚಿತ್ರದಲ್ಲಿ, 1972ರಲ್ಲಿ ಆರಂಭವಾದ ಸೈನಿಕಾಡಳಿತದ ಕ್ರೌರ್ಯವನ್ನು ಮರೆಯಲಾರದ, ಬಿಡಲಾರದ ನಿವೃತ್ತ ಅಧಿಕಾರಿಯಾಗಿ, ಸಿನೆಮಲಾಯಾ ಉತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ ಪಡೆದರು. ಆಗ ಅವರಿಗೆ ವಯಸ್ಸು 89.

ಮರುವರ್ಷ ಜೂನ್ 8ರಂದು, ದೂರದರ್ಶನ ಧಾರಾವಾಹಿಯೊಂದರ ಚಿತ್ರೀಕರಣದಲ್ಲಿ, ನೆಲದ ಮೇಲಿದ್ದ ತಂತಿಯೊಂದು ಕಾಲಿಗೆ ಸಿಕ್ಕಿ ಬಿದ್ದರು. ಕುತ್ತಿಗೆಯ ಮೂಳೆ ಮುರಿಯಿತು. ಜೂನ್ 20ರಂದು ತೀರಿಕೊಂಡರು. ಸುಮಾರು ಎಪ್ಪತ್ತು ವರ್ಷ ರಂಗವನ್ನಾಳಿದ ಕಾಲು ಒಂದು ತಂತಿಗೆ ಸೋತಿತು!

ಅಷ್ಟಕ್ಕೆ ಕಥೆ ಮುಗಿಯಲಿಲ್ಲ. 2024ರಲ್ಲಿ ಆ ದೇಶವು ಅವರ ಹೆಸರಿನಲ್ಲಿಯೇ ಒಂದು ಕಾಯಿದೆ ಮಾಡಿತು. ಚಲಚ್ಚಿತ್ರ, ದೂರದರ್ಶನಗಳಲ್ಲಿ ದುಡಿಯುವವರ ಕೆಲಸದ ಅವಧಿಗೆ ಮಿತಿಯಿರಬೇಕು, ಅವರು ದುಡಿಯುವ ಸ್ಥಳವು ಅಪಾಯಕ್ಕೆಡೆಯಿಲ್ಲದಂತಿರಬೇಕು ಎಂಬುದು ಅದರ ಸಾರ. ದೀಪ ಹಿಡಿಯುವವನಿಗೂ, ತಂತಿ ಎಳೆಯುವವನಿಗೂ ಇದರ ಆಶ್ರಯವುಂಟು. ಬಾಳೆಲ್ಲ ಪರರ ವೇಷಗಳನ್ನು ಧರಿಸಿದ ಮನೋಯ್, ಕಡೆಗೆ ತೆರೆಯ ಹಿಂದಿನವರಿಗೂ ನಿಜವಾಗಿಯೇ ಅಣ್ಣನಾದರು.