ಕ್ಯಾಮೆರಾದಿಂದ ಕಟಕಟೆಗೆ: ಆನಂದ ಪಟವರ್ಧನರ ಸಾಕ್ಷ್ಯಚಿತ್ರಗಳು

ಸ್ವತಂತ್ರ ಭಾರತದಲ್ಲಿ ಸಾಕ್ಷ್ಯಚಿತ್ರವು ಬಹುಕಾಲ ಸರ್ಕಾರದ ಸೊತ್ತಾಗಿಯೇ ಇತ್ತು. 1948ರಲ್ಲಿ ಸ್ಥಾಪನೆಯಾದ ಫಿಲ್ಮ್ಸ್ ಡಿವಿಷನ್ ತಯಾರಿಸಿದ ಕಿರುಚಿತ್ರಗಳನ್ನು ಚಿತ್ರಮಂದಿರಗಳು ಮುಖ್ಯ ಚಿತ್ರಕ್ಕೆ ಮೊದಲು ಕಡ್ಡಾಯವಾಗಿ ತೋರಿಸಬೇಕಾಗಿತ್ತು. ಆಳುವವರನ್ನೇ ಪ್ರಶ್ನಿಸುವ ತನಿಖಾ ಸಾಕ್ಷ್ಯಚಿತ್ರಕ್ಕೆ, ಅಂದರೆ ಸಾಮಾಜಿಕ ಅನ್ಯಾಯವೊಂದರ ಬೆನ್ನುಹತ್ತಿ ಸಂಬಂಧಪಟ್ಟವರ ಮಾತನ್ನು ಸ್ಥಳದಲ್ಲೇ ದಾಖಲಿಸುವ ಚಿತ್ರಕ್ಕೆ, ಹಣವೂ ಇರಲಿಲ್ಲ, ಪರದೆಯೂ ಇರಲಿಲ್ಲ.

1950ರಲ್ಲಿ ಮುಂಬಯಿಯಲ್ಲಿ ಹುಟ್ಟಿದ ಆನಂದ ಪಟವರ್ಧನರು ಜಯಪ್ರಕಾಶ ನಾರಾಯಣರ ಬಿಹಾರ ಚಳವಳಿಯನ್ನು ಕುರಿತು 'ಕ್ರಾಂತಿ ಕೀ ತರಂಗೇಂ' ಚಿತ್ರವನ್ನು ತೆಗೆದದ್ದು ಈ ಬರಿಗೈಯಲ್ಲೇ. ಮನೆಬಳಕೆಯ ಸೂಪರ್-8 ಕ್ಯಾಮೆರಾದಲ್ಲಿ ಸೆರೆಹಿಡಿದ ದೃಶ್ಯಗಳನ್ನು ಪರದೆಯ ಮೇಲೆ ಮೂಡಿಸಿ, ಅದನ್ನೇ ಮತ್ತೆ 16 ಮಿಲಿಮೀಟರ್ ಫಿಲ್ಮಿಗೆ ಇಳಿಸಿಕೊಳ್ಳಲಾಯಿತು. 1975ರಲ್ಲಿ ತುರ್ತು ಪರಿಸ್ಥಿತಿ ಬಂದಾಗ ಚಿತ್ರದ ಪ್ರತಿಯನ್ನು ತುಂಡುಮಾಡಿ ಗುಟ್ಟಾಗಿ ಹೊರದೇಶಕ್ಕೆ ಸಾಗಿಸಿ, ಅಲ್ಲಿ ಜೋಡಿಸಬೇಕಾಯಿತು.

ಮುಂದಿನ ದಶಕಗಳಲ್ಲಿ ತೊಡಕು ಬೇರೆ ರೂಪ ತಳೆಯಿತು. ಚಿತ್ರ ತೆಗೆಯುವುದಕ್ಕಿಂತ ಅದನ್ನು ಜನರಿಗೆ ಮುಟ್ಟಿಸುವುದೇ ಕಷ್ಟವಾಯಿತು. ಅಯೋಧ್ಯೆಯ ವಿವಾದವನ್ನು ಮಸೀದಿ ಉರುಳುವ ಮೊದಲೇ ದಾಖಲಿಸಿದ 'ರಾಮ್ ಕೇ ನಾಮ್' ತನಿಖಾ ಚಿತ್ರಕ್ಕೆ ಮೀಸಲಾದ ರಾಷ್ಟ್ರಪ್ರಶಸ್ತಿಯನ್ನೇ ಪಡೆಯಿತಾದರೂ ದೂರದರ್ಶನ ಅದನ್ನು ಪ್ರಸಾರ ಮಾಡಲೊಪ್ಪದೆ, ಕೊನೆಗೆ ನ್ಯಾಯಾಲಯ ಆದೇಶಿಸಬೇಕಾಯಿತು. ಈ ಚಿತ್ರದ ಜೀವಾಳ ನಿರೂಪಣೆಯಲ್ಲಿಲ್ಲ, ರಾಮಜನ್ಮಭೂಮಿಯ ಅರ್ಚಕ ಲಾಲದಾಸರ ಮಾತಿನಲ್ಲಿದೆ. ನ್ಯಾಯಾಲಯವೇ ನೇಮಿಸಿದ್ದ ಈ ಪೂಜಾರಿ ದೇವರ ಹೆಸರಿನ ರಾಜಕೀಯವನ್ನು ಶಾಂತವಾಗಿ, ಮುಚ್ಚುಮರೆಯಿಲ್ಲದೆ ಖಂಡಿಸುತ್ತಾರೆ. 1993ರಲ್ಲಿ ಅವರ ಕೊಲೆಯಾಯಿತು.

ಪೋಖ್ರಾನ್ ಅಣುಪರೀಕ್ಷೆಯ ತರುವಾಯ ರೂಪುಗೊಂಡ 'ಜಂಗ್ ಔರ್ ಅಮನ್' (2002) ಚಿತ್ರಕ್ಕೆ ಸೆನ್ಸಾರ್ ಮಂಡಳಿ, ಅಂದರೆ ಸಾರ್ವಜನಿಕ ಪ್ರದರ್ಶನಕ್ಕೆ ಮುಂಚಿತವಾಗಿ ಪ್ರಮಾಣಪತ್ರ ಕೊಡುವ ಸಂಸ್ಥೆ, ಹಲವು ಕತ್ತರಿಗಳನ್ನು ಸೂಚಿಸಿತು. ರಾಜಕಾರಣಿಗಳ ಭಾಷಣಗಳನ್ನೆಲ್ಲ ತೆಗೆಯಬೇಕೆಂಬುದೂ ಅವುಗಳಲ್ಲೊಂದು; ಬಹಿರಂಗ ಸಭೆಯಲ್ಲಿ ಆಡಿದ ಮಾತು ಪರದೆಯ ಮೇಲೆ ಬಂದೊಡನೆ ಅಪಾಯಕಾರಿಯಾಗುವ ಈ ತರ್ಕ ವಿಚಿತ್ರವೇ ಸರಿ. 2003ರಲ್ಲಿ ಬಾಂಬೆ ಹೈಕೋರ್ಟ್ ಒಂದು ಕತ್ತರಿಯೂ ಬೀಳದಂತೆ ಚಿತ್ರವನ್ನು ಬಿಡುಗಡೆಗೊಳಿಸಿತು. ಗಂಡಸುತನ ಮತ್ತು ಕೋಮುಹಿಂಸೆಗಳ ನಂಟನ್ನು ಶೋಧಿಸುವ 1995ರ ಚಿತ್ರವೊಂದರ ದೂರದರ್ಶನ ಪ್ರಸಾರಕ್ಕಾಗಿ ನಡೆದ ವ್ಯಾಜ್ಯವಂತೂ ಸುಪ್ರೀಂ ಕೋರ್ಟಿನವರೆಗೆ ಹೋಗಿ, 2006ರಲ್ಲಿ ನಿರ್ದೇಶಕರ ಪರವಾಗಿ ಇತ್ಯರ್ಥವಾಯಿತು. ಹೀಗೆ ವಕೀಲರ ಕಚೇರಿ ಸಂಕಲನದ ಕೊಠಡಿಯಷ್ಟೇ ಅನಿವಾರ್ಯವಾದ ಈ ವೃತ್ತಿಯಲ್ಲಿ ಗೆಲುವು ಸಿಗುವ ಹೊತ್ತಿಗೆ ಚಿತ್ರದ ವಿಷಯ ಹಳತಾಗಿರುತ್ತಿದ್ದುದನ್ನೂ, ಆ ವಿಳಂಬವೇ ಒಂದು ಬಗೆಯ ನಿಷೇಧವಾಗಿದ್ದುದನ್ನೂ ಮರೆಯುವಂತಿಲ್ಲ.

ಮುಂಬಯಿಯ ರಮಾಬಾಯಿ ನಗರದಲ್ಲಿ 1997ರಲ್ಲಿ ಪೊಲೀಸರ ಗುಂಡಿಗೆ 10 ಮಂದಿ ಬಲಿಯಾದ ಬಳಿಕ ಆರಂಭವಾದ 'ಜೈ ಭೀಮ್ ಕಾಮ್ರೇಡ್' ಪೂರ್ಣಗೊಳ್ಳಲು 14 ವರ್ಷ ಹಿಡಿಯಿತು. 2018ರ 'ವಿವೇಕ್' ಕನ್ನಡನಾಡಿಗೆ ನೇರವಾಗಿ ಸಂಬಂಧಿಸಿದುದು. ಮಹಾರಾಷ್ಟ್ರದಲ್ಲಿ ಕೊಲೆಯಾದ ವಿಚಾರವಾದಿಗಳಾದ ದಾಭೋಲ್ಕರ್ ಮತ್ತು ಪಾನ್ಸರೆಯವರ ಪ್ರಕರಣಗಳ ಜೊತೆಗೆ, ಧಾರವಾಡದಲ್ಲಿ ಹತರಾದ ವಿದ್ವಾಂಸ ಎಂ.ಎಂ. ಕಲಬುರ್ಗಿ, ಬೆಂಗಳೂರಿನಲ್ಲಿ ಹತರಾದ ಪತ್ರಕರ್ತೆ ಗೌರಿ ಲಂಕೇಶ್ ಅವರ ಪ್ರಕರಣಗಳೂ ಅದರಲ್ಲಿವೆ. 2019ರಲ್ಲಿ ಕೇರಳದ ಸಾಕ್ಷ್ಯಚಿತ್ರೋತ್ಸವದಲ್ಲಿ ಅದನ್ನು ತೋರಿಸಲು ಕೇಂದ್ರ ಸಚಿವಾಲಯದ ಅನುಮತಿ ದೊರೆಯದೆ ಹೋದಾಗ, ಕೇರಳ ಹೈಕೋರ್ಟಿನ ಆದೇಶದಿಂದಲೇ ಪ್ರದರ್ಶನ ಸಾಧ್ಯವಾಯಿತು.